ಕಾಣದ ಹೊಸ್ತಿಲು

ಪ್ರವಾಸ ಹೊರಟವರು ಕಣ್ಣೆದುರಿಗೆ ನಿಂತಿರುವ ಕಟ್ಟಡಗಳನ್ನು ನೋಡಿಕೊಂಡು ಬರುವುದು ಲೋಕರೂಢಿ. ದೇವಾಲಯ, ಕೋಟೆ, ಗೋರಿ, ಜಲಪಾತ ಮೊದಲಾದವುಗಳ ವರ್ಣನೆಯನ್ನು ಮಾಸಪತ್ರಿಕೆಗಳ ವಾಚಕರು ಬೇಕಾದಷ್ಟು ಓದಿರುತ್ತಾರೆ. ಈಗ ಹೇಳಹೊರಟಿರುವ ಯಾತ್ರೆಯು ತುಸು ಬೇರೆ ಬಗೆಯದು. ಬಂಗಾಳದ ಕೆಲವು ಚಲಚ್ಚಿತ್ರಗಳಲ್ಲಿ ನಾವು ಕಂಡಿರುವ ಮನೆಗಳು ನೆಂಟರಿಷ್ಟರ ಮನೆಗಳಷ್ಟೇ ಪರಿಚಿತವಾಗಿ ಮನಸ್ಸಿನಲ್ಲಿ ನಿಂತುಬಿಟ್ಟಿವೆ. ಅವುಗಳ ಪಾಚಿಗಟ್ಟಿದ ಗೋಡೆ, ಸವೆದ ಮೆಟ್ಟಿಲು, ಹೊಗೆಗೆ ಕಪ್ಪಾದ ಅಡಿಗೆಯ ಮೂಲೆ ಎಲ್ಲವೂ ಕಣ್ಣಿಗೆ ಕಟ್ಟಿದಂತಿವೆ. ಆ ಮನೆಗಳನ್ನು ಹುಡುಕಿಕೊಂಡು ಒಂದು ಚಳಿಗಾಲದಲ್ಲಿ ಕಲ್ಕತ್ತೆ, ಕಾಶಿ, ಮುರ್ಷಿದಾಬಾದುಗಳ ಕಡೆ ಹೋಗಿಬಂದೆನು. ಕೆಲವು ಮನೆಗಳು ಅರ್ಧ ಮಾತ್ರ ಸಿಕ್ಕಿದುವು. ಕೆಲವು ಸಿಕ್ಕಲೇ ಇಲ್ಲ. ಸಿಕ್ಕದೆ ಹೋದ ಆ ಭಾಗಗಳನ್ನೆಲ್ಲ ಕಟ್ಟಿಸಿದವರು ಒಬ್ಬರೇ. ಅವರ ಹೆಸರು ಬನ್ಸಿ ಚಂದ್ರಗುಪ್ತ.

ಚಿತ್ರದಲ್ಲಿ ನಟರು ನಡೆದಾಡುವ ಮನೆ, ಬೀದಿ, ಕೋಣೆಗಳನ್ನೂ, ಅಲ್ಲಿರಬೇಕಾದ ಪೆಟ್ಟಿಗೆ, ಪಾತ್ರೆ, ದೀಪ, ಚಾಪೆಗಳನ್ನೂ ಕಲ್ಪಿಸಿ ಅಣಿಮಾಡತಕ್ಕವರಿಗೆ ಕಲಾನಿರ್ದೇಶಕರೆಂದು ಹೆಸರು. ನಮ್ಮ ವೃತ್ತಿನಾಟಕ ಮಂಡಲಿಗಳಲ್ಲಿ ಈ ಕೆಲಸವನ್ನು ಬಣ್ಣದ ಪರದೆಗಳೇ ಮಾಡುತ್ತಿದ್ದುವು. ಅರಮನೆಯೆಂದರೆ ಒಂದು ಪರದೆ, ಕಾಡೆಂದರೆ ಮತ್ತೊಂದು, ಬೀದಿಯೆಂದರೆ ಇನ್ನೊಂದು. ಅದು ಬಟ್ಟೆಯ ಮೇಲಣ ಬಣ್ಣವೆಂದು ಸಭಿಕರೆಲ್ಲರಿಗೂ ಗೊತ್ತು. ಆದರೂ ಪರದೆ ಇಳಿದೊಡನೆ ಅರಮನೆಯೆಂದು ಸಂತೋಷದಿಂದ ಒಪ್ಪಿಕೊಳ್ಳುತ್ತಿದ್ದರು. ಚಲಚ್ಚಿತ್ರವು ಹುಟ್ಟಿದ ಮೇಲೂ ಬಹುಕಾಲ ನಮ್ಮ ದೇಶದ ಸ್ಟುಡಿಯೋಗಳಲ್ಲಿ ಇದೇ ಪದ್ಧತಿ ನಡೆದುಬಂದಿತು. ಬಡವನ ಗುಡಿಸಲಿಗೂ ನಿನ್ನೆ ಸುಣ್ಣ ಬಳಿದಂತಹ ಗೋಡೆಗಳು. ಹಳ್ಳಿಯ ಬಾವಿಗೆ ಒಂದು ಹಗ್ಗದ ಗುರುತೂ ಇಲ್ಲ. ಆದರೆ ಕ್ಯಾಮರಾದ ಕಣ್ಣಿಗೆ ಸಭಿಕರ ಕಣ್ಣಿಗಿರುವ ದಾಕ್ಷಿಣ್ಯವಿಲ್ಲ. ಅದು ಹತ್ತಿರ ಹೋಗಿ ನೋಡುತ್ತದೆ. ನೋಡಿದುದನ್ನೆಲ್ಲ ದೊಡ್ಡದು ಮಾಡಿ ತೋರಿಸುತ್ತದೆ. ಈ ಕಣ್ಣಿನ ಮುಂದೆ ನಿಲ್ಲಬಲ್ಲ ಮನೆಯನ್ನು ಕಟ್ಟಬೇಕೆಂದು ಹಟ ಹಿಡಿದವರಲ್ಲಿ ಚಂದ್ರಗುಪ್ತರು ಮೊದಲಿಗರ ಸಾಲಿಗೆ ಸೇರತಕ್ಕವರು.

ಇವರು ಬಂಗಾಳಿಗಳಲ್ಲ. 1924ರಲ್ಲಿ ಸಿಯಾಲಕೋಟೆಯಲ್ಲಿ ಹುಟ್ಟಿ ಕಾಶ್ಮೀರದಲ್ಲಿ ಬೆಳೆದವರು. ಚಿತ್ರಕಾರನಾಗಬೇಕೆಂಬುದು ಅವರ ಹಂಬಲ. ಠಾಕೂರ ಮನೆತನಕ್ಕೆ ಸೇರಿದ ಚಿತ್ರಕಾರ ಶುಭೋ ಠಾಕೂರರ ಪ್ರೋತ್ಸಾಹದಿಂದ 1940ರ ದಶಕದಲ್ಲಿ ಕಲ್ಕತ್ತೆಗೆ ಬಂದರು. ಭಾಷೆ ಬೇರೆ, ಹವೆ ಬೇರೆ, ಊಟ ಬೇರೆ, ಕೈಯಲ್ಲಿದ್ದುದು ಕುಂಚವೊಂದೇ. ಅಲ್ಲಿ ಅವರಿಗೆ ಸತ್ಯಜಿತ್ ರಾಯರ ಸ್ನೇಹವಾಯಿತು. ರಾಯರು ಆಗ ಒಂದು ಜಾಹೀರಾತು ಸಂಸ್ಥೆಯಲ್ಲಿ ಚಿತ್ರ ಬರೆಯುತ್ತಿದ್ದ ಯುವಕ. 1947ರಲ್ಲಿ ಕೆಲವು ಮಂದಿ ಗೆಳೆಯರು ಸೇರಿ ಕಲ್ಕತ್ತಾ ಫಿಲ್ಮ್ ಸೊಸೈಟಿಯನ್ನು ಸ್ಥಾಪಿಸಿದಾಗ ಇಬ್ಬರೂ ಅದರಲ್ಲಿದ್ದರು. ಹೊರದೇಶಗಳ ಉತ್ತಮ ಚಿತ್ರಗಳನ್ನು ತರಿಸಿ ನೋಡುವುದು, ನೋಡಿದುದನ್ನು ಕುರಿತು ವಾದಿಸುವುದು ಇವೇ ಆ ಸಂಘದ ಕಾರ್ಯಕಲಾಪಗಳು. ನಮ್ಮ ಚಿತ್ರಗಳಲ್ಲಿ ನಮ್ಮ ಮನೆಗಳೇಕೆ ಕಾಣುವುದಿಲ್ಲವೆಂಬ ಪ್ರಶ್ನೆಯು ಇಂತಹ ಮಾತುಕತೆಗಳಲ್ಲಿ ಬಲಿಯಿತೆಂದು ಊಹಿಸಬಹುದು.

ಕಲ್ಕತ್ತೆಯಿಂದ ಉತ್ತರಕ್ಕೆ ಹೂಗ್ಲಿ ನದಿಯ ದಡದಲ್ಲಿ ಬ್ಯಾರಕಪುರವೆಂಬ ಊರಿದೆ. ಮಂಗಲ ಪಾಂಡೆಯ ದೆಸೆಯಿಂದ 1857ರ ಚರಿತ್ರೆಯಲ್ಲಿ ಅದರ ಹೆಸರು ಬಂದಿದೆ. ನದಿಯು ಅಲ್ಲಿ ವಿಶಾಲವಾಗಿ, ಮಣ್ಣಿನ ಬಣ್ಣ ತಳೆದು, ನಿಧಾನವಾಗಿ ಹರಿಯುತ್ತದೆ. ದೋಣಿಗಳು ಬಂದುಹೋಗುತ್ತಲೇ ಇರುತ್ತವೆ. ಫ್ರಾನ್ಸಿನ ಪ್ರಖ್ಯಾತ ನಿರ್ದೇಶಕ ಜಾನ್ ರೆನ್ವಾ ಅವರು ‘ದಿ ರಿವರ್’ ಎಂಬ ಚಿತ್ರವನ್ನು ತೆಗೆಯಲು ಈ ನದೀತೀರವನ್ನು ಆರಿಸಿಕೊಂಡರು. 1949ರಿಂದ ಕೆಲಸ ನಡೆದು 1951ರಲ್ಲಿ ಚಿತ್ರವು ಹೊರಬಂದಿತು. ಅದರ ದೃಶ್ಯಗಳನ್ನು ಕಲ್ಪಿಸಿದವರು ರೆನ್ವಾರ ಹಳೆಯ ಸಂಗಡಿಗ ಯೂಜೀನ್ ಲೂರಿಯೆ. ಅವರ ಕೈಕೆಳಗೆ ಕಲಾನಿರ್ದೇಶಕರಾಗಿ ದುಡಿದವರು ಚಂದ್ರಗುಪ್ತರು. ಮನೆಯೊಂದನ್ನು ಕಟ್ಟುವ ಮುನ್ನ ಆ ಮನೆಯಲ್ಲಿ ಯಾರು ಬಾಳಿದರು, ಎಷ್ಟು ವರ್ಷ ಬಾಳಿದರು, ಬಾಗಿಲ ಯಾವ ಭಾಗವನ್ನು ಹಿಡಿದು ಒಳಗೆ ಬರುತ್ತಿದ್ದರು ಎಂಬುದನ್ನು ಯೋಚಿಸಬೇಕು. ಈ ಪಾಠವನ್ನು ಕಲಿಯುವುದಕ್ಕೆ ಯಾವ ಶಾಲೆಯೂ ಇಲ್ಲದ ಆ ದಿನಗಳಲ್ಲಿ ಹೂಗ್ಲಿಯ ದಡವೇ ಅವರಿಗೆ ಶಾಲೆಯಾಯಿತು.

ಇನ್ನು ನಗರದ ದಕ್ಷಿಣದ ಕಡೆಗೆ ಬರೋಣ. ಇಂದು ಕಲ್ಕತ್ತೆಯ ಮೆಟ್ರೋ ರೈಲು ಗರಿಯಾ ಎಂಬ ಪೇಟೆಯವರೆಗೂ ಹೋಗುತ್ತದೆ. ಅಲ್ಲಿಯ ನಿಲ್ದಾಣಕ್ಕೆ ಕವಿ ನಜರುಲ್ ಅವರ ಹೆಸರಿಟ್ಟಿದ್ದಾರೆ. ಅಲ್ಲಿಂದ ಆಟೋ ಹಿಡಿದು ಸ್ವಲ್ಪ ದೂರ ಸಾಗಿದರೆ ಬೋರಾಲ್ ಗ್ರಾಮವು ಸಿಕ್ಕುತ್ತದೆ. ಗ್ರಾಮವೆಂಬುದು ಈಗ ಹೆಸರಿಗೆ ಮಾತ್ರ; ನಗರವು ಬಂದು ಅದನ್ನು ಮುಟ್ಟಿ ಎಷ್ಟೋ ವರ್ಷಗಳಾದುವು. ಅರವಿಂದರ ತಾಯಿಯ ತಂದೆ ರಾಜನಾರಾಯಣ ಬಸು ಅವರು ಹುಟ್ಟಿದ ಊರು ಇದೇ. ಆದರೆ ಬೋರಾಲಿನ ಹೆಸರನ್ನು ಲೋಕದ ಮೂಲೆಮೂಲೆಗೆ ಒಯ್ದುದು 1955ರಲ್ಲಿ ತೆರೆಕಂಡ ‘ಪಥೇರ್ ಪಾಂಚಾಲಿ’. ಅಪುವೂ ದುರ್ಗೆಯೂ ಓಡಾಡಿದ ನಿಶ್ಚಿಂದಿಪುರವೆಂಬ ಹಳ್ಳಿಯಾಗಿ ಚಿತ್ರದಲ್ಲಿ ಕಾಣುವುದು ಈ ಊರೇ.

ಆ ಕತೆಯ ಹರಿಹರನು ಬಡ ಪುರೋಹಿತ. ಮನೆಯನ್ನು ದುರಸ್ತಿ ಮಾಡಿಸಬೇಕೆಂದು ಹೇಳುತ್ತಲೇ ಇರುತ್ತಾನೆ. ಕೈಯಲ್ಲಿ ಕಾಸು ನಿಲ್ಲುವುದಿಲ್ಲ. ಇಂತಹ ಮನೆಗಾಗಿ ರಾಯರೂ ಚಂದ್ರಗುಪ್ತರೂ ಅಲೆದು ಬೋರಾಲಿನಲ್ಲಿ ಒಂದನ್ನು ಕಂಡುಕೊಂಡು ಬಾಡಿಗೆಗೆ ಹಿಡಿದರು. ಆದರೆ ಅದು ಜನವಾಸವಿಲ್ಲದೆ ತೀರ ಪಾಳುಬಿದ್ದಿತ್ತು. ಪಾಳುಮನೆಗೂ ಬಡವರ ಮನೆಗೂ ಇರುವ ಅಂತರವನ್ನು ನಮ್ಮ ಗೃಹಿಣಿಯರಿಗೆ ವಿವರಿಸಿ ಹೇಳಬೇಕಾದುದಿಲ್ಲ. ಪಾಳುಮನೆಯಲ್ಲಿ ಯಾರೂ ಗುಡಿಸುವುದಿಲ್ಲ. ಬಡವರ ಮನೆಯಲ್ಲಿ ಗೋಡೆ ಬಿರಿದಿದ್ದರೂ ಅಂಗಳ ಗುಡಿಸಿರುತ್ತದೆ, ತುಳಸಿಗೆ ನೀರು ಹಾಕಿರುತ್ತದೆ, ಒಡೆದ ಮಡಕೆಯನ್ನೂ ಎಸೆಯದೆ ಯಾವುದಕ್ಕೋ ಇಟ್ಟುಕೊಂಡಿರುತ್ತಾರೆ. ಆದುದರಿಂದ ಆ ಹಾಳುಮನೆಯನ್ನು ಮೊದಲು ಸರಿಪಡಿಸಿ, ಬೇಕಾದ ಕಡೆ ಗೋಡೆಯೆಬ್ಬಿಸಿ, ಅನಂತರ ಒಂದು ಬಡ ಸಂಸಾರದ ಬಾಳಿನಿಂದ ಅದು ಸವೆದಂತೆ ಮಾಡಬೇಕಾಯಿತು. ಈ ಕೆಲಸವು ಹೊಸಮನೆ ಕಟ್ಟುವುದಕ್ಕಿಂತ ಸೂಕ್ಷ್ಮವಾದುದು. ಮಳೆನೀರು ಗೋಡೆಯ ಮೇಲೆ ಎಲ್ಲಿ ಇಳಿಯುತ್ತದೆ, ಕೈಯ ಜಿಡ್ಡು ಕಂಬದ ಯಾವ ಎತ್ತರಕ್ಕೆ ಅಂಟುತ್ತದೆ ಎಂಬುದನ್ನು ತಿಳಿಯದವನು ಹಳೆಯ ಗೋಡೆಯನ್ನು ಮಾಡಲಾರನು.

ಇಷ್ಟಾದರೂ ಮನೆಯೆಲ್ಲವೂ ಬೋರಾಲಿನಲ್ಲಿಲ್ಲ. ಹಗಲಿನ ಅಂಗಳ ಇಲ್ಲಿಯದು. ರಾತ್ರಿಯ ಒಳಮನೆ ಕಲ್ಕತ್ತೆಯ ಸ್ಟುಡಿಯೋದಲ್ಲಿ ಕಟ್ಟಿದುದು. ದೀಪದ ಬೆಳಕಿನಲ್ಲಿ ಮುದುಕಿಯು ಮಕ್ಕಳಿಗೆ ಕತೆ ಹೇಳುವಾಗ, ಬಿರುಗಾಳಿಯ ರಾತ್ರಿ ತಾಯಿಯು ಜ್ವರದ ಮಗಳನ್ನು ಅಪ್ಪಿಕೊಂಡು ಕುಳಿತಿರುವಾಗ, ನಾವು ಕಾಣುವ ಗೋಡೆ ಬೇರೆ ಕಡೆಯದು. ಅಂಗಳದಿಂದ ಹೊಸ್ತಿಲು ದಾಟಿ ಒಳಗೆ ಅಡಿಯಿಟ್ಟ ಸರ್ವಜಯೆಯು ನಿಜವಾಗಿ ಎಷ್ಟೋ ಮೈಲಿ ದಾಟಿ ಹೋಗಿರುತ್ತಾಳೆ. ಆ ಹೊಸ್ತಿಲು ಎಲ್ಲಿದೆಯೆಂದು ನೋಡುವವರಿಗೆ ಗೊತ್ತಾಗುವುದೇ ಇಲ್ಲ. ಚಂದ್ರಗುಪ್ತರ ವಿದ್ಯೆಯೆಲ್ಲವೂ ಆ ಕಾಣದ ಹೊಸ್ತಿಲಿನಲ್ಲಿ ಅಡಗಿದೆಯೆಂದು ನನಗೆ ತೋರುತ್ತದೆ.

ಈ ಚಿತ್ರವು ಎಂತಹ ಸಂಕಟದಲ್ಲಿ ಹುಟ್ಟಿತೆಂಬುದೂ ಇಲ್ಲಿ ಸ್ಮರಣಾರ್ಹವಾದುದು. 1952ರ ಅಕ್ಟೋಬರ್ 27ರಂದು ಬರ್ದ್ವಾನಿನ ಕಡೆಯ ಪಾಲ್ಸಿಟ್ ಎಂಬಲ್ಲಿ, ಬಿಳಿಯ ಕಾಶಪುಷ್ಪಗಳು ತುಂಬಿದ ಬಯಲಿನಲ್ಲಿ, ಮೊದಲ ಚಿತ್ರೀಕರಣವಾಯಿತು. ಒಂದು ವಾರದ ಮೇಲೆ ಮರಳಿ ಹೋಗಿ ನೋಡಿದರೆ ದನಗಳು ಹೂವನ್ನೆಲ್ಲ ಮೇಯ್ದುಬಿಟ್ಟಿದ್ದುವು! ಮುಂದಿನ ವರ್ಷ ಹೂಬಿಡುವವರೆಗೆ ಕಾಯಬೇಕಾಯಿತು. ಹಣ ಮುಗಿದು ಕೆಲಸವು ತಿಂಗಳುಗಟ್ಟಲೆ ನಿಂತಿತು. ರಾಯರು ತಮ್ಮ ಪುಸ್ತಕಗಳನ್ನೂ ಗ್ರಾಮಫೋನು ತಟ್ಟೆಗಳನ್ನೂ ಮಾರಿದರು. ಪತ್ನಿಯ ಒಡವೆಗಳು ಗಿರವಿಗೆ ಹೋದುವು. ಕೊನೆಗೆ ಪಶ್ಚಿಮ ಬಂಗಾಳದ ಸರ್ಕಾರವು ಹಣ ಕೊಟ್ಟಿತು. ಇಷ್ಟು ಕಾಲವೂ ಕಲಾನಿರ್ದೇಶಕರು ಒಂದೇ ಮನೆಯನ್ನು ಒಂದೇ ರೀತಿಯಲ್ಲಿ ಕಾಣುವಂತೆ ನೋಡಿಕೊಳ್ಳಬೇಕಾಗಿತ್ತು. ಚಿತ್ರದ ಕೊನೆಯಲ್ಲಿ ಸಂಸಾರವು ಊರು ಬಿಟ್ಟು ಎತ್ತಿನ ಗಾಡಿ ಹತ್ತುತ್ತದೆ. ಬರಿದಾದ ಮನೆಯೊಳಕ್ಕೆ ಹಾವೊಂದು ಹರಿದುಹೋಗುತ್ತದೆ. ಮನೆಯು ಮತ್ತೆ ಪಾಳಾಯಿತು. ಚಂದ್ರಗುಪ್ತರು ಯಾವ ಹಾಳನ್ನು ಗುಡಿಸಿ ಮನೆಮಾಡಿದ್ದರೋ ಅದನ್ನು ಕತೆಯೇ ಹಾಳಿಗೆ ಒಪ್ಪಿಸಿತು.

ಆ ಗಾಡಿಯು ಹೋದುದು ಕಾಶಿಗೆ. ನಾನೂ ಅಲ್ಲಿಗೇ ಹೋದೆನು. ಕಾಶಿಯ ಗಲ್ಲಿಗಳು ಕನ್ನಡಿಗರಿಗೆ ಅಪರಿಚಿತವಲ್ಲ. ಜಂಗಮವಾಡಿ ಮಠದಲ್ಲಿ ಇಳಿದುಕೊಂಡವರಿಗೂ, ಹರಿಶ್ಚಂದ್ರ ಘಾಟಿನ ಹತ್ತಿರ ಕರ್ನಾಟಕದ ಹೆಸರು ಹೊತ್ತ ಘಾಟನ್ನು ಕಂಡವರಿಗೂ ಅವುಗಳ ಇಕ್ಕಟ್ಟು ಗೊತ್ತು. ಎರಡು ಕೈ ಚಾಚಿದರೆ ಎರಡು ಕಡೆಯ ಗೋಡೆ ಮುಟ್ಟುವಂತಹ ಓಣಿ; ತಗ್ಗಾದ ಬಾಗಿಲು; ಬಗ್ಗಿ ಒಳಹೊಕ್ಕರೆ ಕಲ್ಲುಹಾಸಿನ ಅಂಗಳ; ಸುತ್ತಲೂ ಕೋಣೆಗಳು, ಮಹಡಿಯ ಜಗುಲಿಗಳು; ತಲೆಯ ಮೇಲೆ ಒಂದು ತುಂಡು ಆಕಾಶ. ನಮ್ಮ ಮಲೆನಾಡಿನ, ಹಳೆಯ ಮೈಸೂರಿನ ತೊಟ್ಟಿಮನೆಗಳನ್ನು ಬಲ್ಲವರಿಗೆ ಈ ಬೆಳಕಿನ ಗುಣವು ತಿಳಿದಿರುತ್ತದೆ. ಬಿಸಿಲು ನೆಲವನ್ನು ಮುಟ್ಟುವುದು ಮಧ್ಯಾಹ್ನದ ಸ್ವಲ್ಪ ಹೊತ್ತು ಮಾತ್ರ. ಉಳಿದ ಹೊತ್ತಿನಲ್ಲಿ ಮೇಲಿನಿಂದ ಮೃದುವಾದ ಬೆಳಕು ಇಳಿದು ಎಲ್ಲೆಡೆಯೂ ಸಮವಾಗಿ ಹರಡಿರುತ್ತದೆ; ಯಾವುದಕ್ಕೂ ಗಟ್ಟಿಯಾದ ನೆರಳೆಂಬುದಿಲ್ಲ.

1956ರ ‘ಅಪರಾಜಿತೋ’ ಚಿತ್ರದಲ್ಲಿ ಹರಿಹರನ ಸಂಸಾರವು ಇಳಿದುಕೊಳ್ಳುವುದು ಇಂತಹ ಮನೆಯಲ್ಲಿ. ಅದರ ಒಳಾಂಗಣವನ್ನು ಬಯಲಿನಲ್ಲಿ, ನಿಜವಾದ ಆಕಾಶದ ಕೆಳಗೆ ಕಟ್ಟಬೇಕೆಂದು ಮೊದಲು ಆಲೋಚನೆಯಿತ್ತು. ಮಳೆಗಾಲದ ಭಯದಿಂದ ಚಂದ್ರಗುಪ್ತರು ಅದನ್ನು ಕೈಬಿಟ್ಟು ಕಲ್ಕತ್ತೆಯ ಸ್ಟುಡಿಯೋದ ಒಳಗೆ ಕಟ್ಟಲು ನಿಶ್ಚಯಿಸಿದರು. ಛಾಯಾಗ್ರಾಹಕ ಸುಬ್ರತೋ ಮಿತ್ರರಿಗೆ ಇದು ಒಪ್ಪಿಗೆಯಾಗಲಿಲ್ಲ. ಸ್ಟುಡಿಯೋದ ಉರಿಯುವ ದೀಪಗಳನ್ನು ನೇರವಾಗಿ ಹಾಯಿಸಿದರೆ ಒಬ್ಬ ಮನುಷ್ಯನಿಗೆ ನಾಲ್ಕು ನೆರಳುಗಳು ಬೀಳುತ್ತವೆ. ಆಕಾಶದ ನೆರಳಿಲ್ಲದ ಬೆಳಕನ್ನು ತರುವುದು ಹೇಗೆಂದು ವಾದಿಸಿದರು. ವಾದವು ಫಲಿಸಲಿಲ್ಲ. ಆಗ ಮಿತ್ರರು ಅಂಗಳದ ಮೇಲೆ ಆಕಾಶವಿರಬೇಕಾದ ಕಡೆ ಚೌಕಟ್ಟಿಗೆ ಬಿಗಿದ ಬಿಳಿಯ ಬಟ್ಟೆಯನ್ನು ಹರಡಿಸಿದರು. ದೀಪಗಳನ್ನು ಕೆಳಗಿಟ್ಟು ಮೇಲ್ಮುಖವಾಗಿ ತಿರುಗಿಸಿದರು. ಬೆಳಕು ಬಟ್ಟೆಗೆ ತಾಗಿ, ಚದರಿ, ಮೆತ್ತಗೆ ಕೆಳಗಿಳಿಯಿತು. ಕಾಶಿಯ ಅಂಗಳದ ಬೆಳಕು ಕಲ್ಕತ್ತೆಯ ಕೊಟ್ಟಡಿಗೆ ಬಂದುಬಿಟ್ಟಿತು!

ಬೆಳಕನ್ನು ಹೀಗೆ ಪುಟಿಸಿ ಬಳಸುವ ಕ್ರಮವು ಮುಂದೆ ಮಿತ್ರರ ಮುಖ್ಯ ಸಾಧನವಾಯಿತು. ಇಂದು ಅದು ಛಾಯಾಗ್ರಹಣದಲ್ಲಿ ಎಲ್ಲೆಡೆಯೂ ಬಳಕೆಯಲ್ಲಿದೆ. ಇದಕ್ಕೆ ಕಾರಣವಾದುದು ಮನೆ ಕಟ್ಟುವವನಿಗೂ ಬೆಳಕು ಬಿಡುವವನಿಗೂ ನಡೆದ ಒಂದು ಜಗಳವೆಂಬುದು ಗಮನಾರ್ಹ. ಚಂದ್ರಗುಪ್ತರ ಗೋಡೆಗಳು ನಿಜವಾಗಿರದಿದ್ದರೆ ಬೆಳಕು ನಿಜವಾಗಬೇಕೆಂಬ ಹಟ ಮಿತ್ರರಿಗೆ ಹುಟ್ಟುತ್ತಿರಲಿಲ್ಲ. ಈ ಚಿತ್ರದಲ್ಲಿ ಘಾಟು, ಗಲ್ಲಿ, ಪಾರಿವಾಳಗಳು ಕಾಶಿಯವು, ಅಂಗಳವು ಕಲ್ಕತ್ತೆಯದು. ನಾನು ಮೂರು ದಿನ ಆ ಗಲ್ಲಿಗಳಲ್ಲಿ ಅಲೆದು ಎಷ್ಟೋ ಬಾಗಿಲುಗಳೊಳಗೆ ಇಣಿಕಿ ನೋಡಿದೆನು. ಪ್ರತಿಯೊಂದು ಅಂಗಳವೂ ಅದೇ ಇರಬಹುದೆಂದು ತೋರುತ್ತಿತ್ತು. ಸ್ಟುಡಿಯೋದಲ್ಲಿ ಕಟ್ಟಿದುದೊಂದು ಮನೆ ಕಾಶಿಯ ನೂರು ಮನೆಗಳಿಗೆ ಹೀಗೆ ಹೋಲುವುದಾದರೆ ಅದನ್ನು ಸುಳ್ಳುಮನೆಯೆಂದು ಕರೆಯಲು ನಾಲಗೆ ಬರುವುದಿಲ್ಲ.

ಮೂರನೆಯ ಮನೆಗೆ ಹೋಗಲು ಹಾವಡಾ ನಿಲ್ದಾಣದಲ್ಲಿ ರೈಲು ಹತ್ತಿ, ಕಾಟ್ವಾ, ಅಜೀಮಗಂಜಿನ ಮಾರ್ಗವಾಗಿ ಉತ್ತರಕ್ಕೆ ಸಾಗಬೇಕು. ಬತ್ತದ ಗದ್ದೆ, ಸಾಸುವೆಯ ಹೊಲ, ಬಾಳೆ, ಬಿದಿರು, ಊರಿಗೊಂದು ಕೆರೆ ಇವುಗಳ ನಡುವೆ ದಿನದ ಬಹುಭಾಗ ಕಳೆದ ಮೇಲೆ ಮುರ್ಷಿದಾಬಾದು ಜಿಲ್ಲೆಯ ನಿಮ್ತಿತಾ ಎಂಬ ಸಣ್ಣ ನಿಲ್ದಾಣವು ಬರುತ್ತದೆ. ಊರು ಗಂಗೆಯ ದಡದಲ್ಲಿದೆ. ಆ ಕಡೆಯವರು ಹೊಳೆಯನ್ನು ಪದ್ಮೆಯೆಂದೇ ಕರೆಯುತ್ತಾರೆ. ಎದುರುಗಡೆ ಮರಳದಿಣ್ಣೆಗಳಾಚೆ ಬಾಂಗ್ಲಾದೇಶ. ದಡಕ್ಕೆ ಮುಖಮಾಡಿ ಚೌಧುರಿ ಜಮೀನ್ದಾರರ ಅರಮನೆಯು ನಿಂತಿದೆ. ಉದ್ದನೆಯ ಕಂಬಗಳ ಸಾಲು ದೂರದಿಂದಲೇ ಕಾಣುತ್ತದೆ. ಹತ್ತಿರ ಹೋದರೆ ಬಹುಭಾಗವೂ ಶಿಥಿಲವಾಗಿರುವುದು ಗೊತ್ತಾಗುತ್ತದೆ. ಇಟ್ಟಿಗೆಯ ಸಂದಿಗಳಲ್ಲಿ ಗಿಡಗಳು ಬೇರುಬಿಟ್ಟಿವೆ. ನದಿಯು ತಲೆಮಾರಿನಿಂದ ತಲೆಮಾರಿಗೆ ಈ ಮನೆತನದ ಭೂಮಿಯನ್ನು ಕಬಳಿಸುತ್ತ ಬಂದಿದೆ.

ತಾರಾಶಂಕರ ಬಂದ್ಯೋಪಾಧ್ಯಾಯರ ‘ಜಲಸಾಘರ್’ ಎಂಬ ಕತೆಯನ್ನು ಚಿತ್ರವಾಗಿಸಲು ರಾಯರು ತಕ್ಕ ಅರಮನೆಗಾಗಿ ಬಹಳ ಕಡೆ ಹುಡುಕಿ ಬೇಸತ್ತಿದ್ದರಂತೆ. ಲಾಲಗೋಲದ ಚಹದಂಗಡಿಯಲ್ಲಿ ಒಬ್ಬ ವೃದ್ಧರು ನಿಮ್ತಿತಾದ ಹೆಸರು ಹೇಳಿದರು. ನೋಡಿದೊಡನೆಯೇ ಮನೆ ಒಪ್ಪಿಗೆಯಾಯಿತು. ಸುದ್ದಿಯನ್ನು ತಾರಾಶಂಕರರಿಗೆ ತಿಳಿಸಿದಾಗ ಅವರು ಬೆರಗಾದರು. ತಾವು ಆ ಊರಿಗೆ ಹೋದವರಲ್ಲ. ಆದರೆ ಸಂಗೀತದ ಹುಚ್ಚಿನಲ್ಲಿ ಮುಳುಗಿದ ತಮ್ಮ ಕಥಾನಾಯಕನಿಗೆ ಮಾದರಿಯಾದವರು ಆ ಮನೆತನದ ಉಪೇಂದ್ರನಾರಾಯಣ ಚೌಧುರಿಯವರೇ! ಕತೆಯು ತನ್ನ ಮನೆಯನ್ನು ತಾನೇ ಹುಡುಕಿಕೊಂಡು ಬಂದಂತಾಯಿತು.

ಆದರೆ ಕತೆಗೆ ಪ್ರಾಣಪ್ರಾಯವಾದ ಸಂಗೀತಶಾಲೆ? ಅರಮನೆಯಲ್ಲಿದ್ದ ಶಾಲೆಯು ಕತೆಗೆ ಬೇಕಾದಷ್ಟು ಭವ್ಯವಾಗಿರಲಿಲ್ಲ. ಆದುದರಿಂದ ಚಂದ್ರಗುಪ್ತರು ಅದನ್ನು ಕಲ್ಕತ್ತೆಯ ಸ್ಟುಡಿಯೋದಲ್ಲಿ ಕಟ್ಟಿಸಿದರು. ಎತ್ತರವಾದ ಗೋಡೆಗಳು, ಪೂರ್ವಿಕರ ವರ್ಣಚಿತ್ರಗಳು, ದೊಡ್ಡ ನಿಲುವುಗನ್ನಡಿ, ಗಾದಿ, ದಿಂಬು, ನಡುವೆ ತೂಗುವ ಗಾಜಿನ ಗೊಂಚಲುದೀಪ. 1958ರಲ್ಲಿ ಹೊರಬಂದ ಈ ಚಿತ್ರದಲ್ಲಿ ಆ ಕೋಣೆಯೊಳಗೆ ಬೇಗಂ ಅಖ್ತರರು ಹಾಡಿದರು. ರೋಶನ್ ಕುಮಾರಿಯವರು ಕಥಕ್ ಕುಣಿದರು. ಛಬಿ ಬಿಶ್ವಾಸರು ಸಾಲದಲ್ಲಿ ಮುಳುಗಿದ ಜಮೀನ್ದಾರನಾಗಿ ಕೊನೆಯ ಚೀಲದ ಮೊಹರುಗಳನ್ನು ಬಹುಮಾನ ಕೊಟ್ಟರು. ಕೊನೆಯ ರಾತ್ರಿ ದೀಪಗಳು ಒಂದೊಂದಾಗಿ ಆರುವಾಗ ಅವನಲ್ಲಿ ಹುಟ್ಟುವ ಭಯವನ್ನು ಚಿತ್ರ ನೋಡಿದವರು ಮರೆಯಲಾರರು. ಅವನು ನಿಮ್ತಿತಾದ ಜಗುಲಿಯಿಂದ ಏಳುತ್ತಾನೆ. ಬಾಗಿಲು ತೆರೆದು ಒಳಗೆ ಬರುತ್ತಾನೆ. ಅಷ್ಟರಲ್ಲಿ ಇನ್ನೂರು ಕಿಲೋಮೀಟರುಗಳಿಗೂ ಮೀರಿದ ದೂರವು ಒಂದು ಹೆಜ್ಜೆಯಲ್ಲಿ ಕಳೆದುಹೋಗಿರುತ್ತದೆ. ಹೊರಗೆ ಕಂಡ ಕಂಬಗಳ ಗಾತ್ರಕ್ಕೆ ಒಳಗಿನ ಗೋಡೆಯ ಎತ್ತರವು ಹೊಂದದೆ ಇದ್ದಿದ್ದರೆ, ಹೊರಗಿನ ಗಾರೆಯ ವಯಸ್ಸಿಗೆ ಒಳಗಿನ ಗಾರೆಯ ವಯಸ್ಸು ಸರಿಯಾಗದೆ ಇದ್ದಿದ್ದರೆ, ಬಿಶ್ವಾಸರ ಅಭಿನಯವು ಎಷ್ಟೇ ಶ್ರೇಷ್ಠವಾಗಿದ್ದರೂ ಕತೆಯು ಆ ಬಾಗಿಲಲ್ಲೇ ಮುಗ್ಗರಿಸುತ್ತಿತ್ತು.

ನಿಮ್ತಿತಾದ ದಡದಲ್ಲಿ ನಿಂತವನಿಗೆ ಒಂದು ವಿಚಿತ್ರವಾದ ವಿಚಾರ ಹೊಳೆಯುತ್ತದೆ. ಇಟ್ಟಿಗೆ ಗಾರೆಗಳಿಂದ ಕಟ್ಟಿದ ನಿಜವಾದ ಅರಮನೆಯು ವರ್ಷವರ್ಷವೂ ಕುಸಿಯುತ್ತಿದೆ. ಹಲಗೆ ಬಣ್ಣಗಳಿಂದ ಕಟ್ಟಿದ ಸಂಗೀತಶಾಲೆಯನ್ನು ಚಿತ್ರ ಮುಗಿದ ಮೇಲೆ ಬಿಚ್ಚಿಹಾಕಿದರು. ಸ್ಟುಡಿಯೋಗಳಲ್ಲಿ ಒಂದು ಸೆಟ್ಟಿನ ಹಲಗೆಗಳು ಮುಂದಿನ ಸೆಟ್ಟಿಗೆ ಹೋಗುವುದೇ ವಾಡಿಕೆ. ಎರಡೂ ಅಳಿಯತಕ್ಕವೇ. ಆದರೂ ಬಂಗಾಳದ ಒಂದು ಕಾಲದ ದೊಡ್ಡಮನೆಗಳ ಬದುಕು ಹೇಗಿತ್ತೆಂದು ಕೇಳುವವರಿಗೆ ಇಂದು ತೋರಿಸಬಹುದಾದುದು ಆ ಹಲಗೆಯ ಶಾಲೆಯನ್ನೇ.

ಕಲ್ಕತ್ತೆಗೆ ಮರಳಿದವರು ಟಾಲಿಗಂಜಿಗೆ ಹೋಗದೆ ಇರಬಾರದು. ಬಂಗಾಳದ ಚಿತ್ರೋದ್ಯಮದ ನೆಲೆ ಅದೇ. ಎತ್ತರದ ಗೋಡೆಗಳ ಹಿಂದೆ ತಗಡಿನ ಛಾವಣಿಯ ದೊಡ್ಡ ಕೊಟ್ಟಡಿಗಳಿವೆ. ಹೊರಗಿನಿಂದ ನೋಡಿದರೆ ದವಸದ ಉಗ್ರಾಣಗಳೆನ್ನಬೇಕು. ಇಂತಹ ಕೊಟ್ಟಡಿಗಳೊಳಗೇ ಚಂದ್ರಗುಪ್ತರ ಮುಂದಿನ ಮನೆಗಳು ಎದ್ದುವು. 1959ರ ‘ಅಪುರ್ ಸಂಸಾರ್’ದಲ್ಲಿ ಅಪುವಿನ ಬಾಡಿಗೆಯ ಮಾಳಿಗೆ ಕೋಣೆಯ ಹೊರಗಿನ ತಾರಸಿ ಟಾಲಾದ ರೈಲುಹಳಿಗಳ ಬದಿಯದು, ಒಳಗಿನ ಕೋಣೆ ಸ್ಟುಡಿಯೋದ್ದು. ಹರಿದ ಕಿಟಕಿಯ ಪರದೆಯು ಅಪರ್ಣೆ ಬಂದ ಮೇಲೆ ಬದಲಾಗುತ್ತದೆ. ಮದುವೆಯಾದ ಗಂಡಸಿನ ಕೋಣೆಯು ಹೇಗೆ ಮನೆಯಾಗುತ್ತದೆಂಬುದನ್ನು ಮಾತಿಲ್ಲದೆ ಅದು ತಿಳಿಸುತ್ತದೆ. 1963ರ ‘ಮಹಾನಗರ್’ದ ಮಧ್ಯಮವರ್ಗದ ಸಂಸಾರಕ್ಕೆ ಒಬ್ಬರನ್ನೊಬ್ಬರು ತಾಗದೆ ತಿರುಗಾಡಲಾರದಂತಹ ಇಕ್ಕಟ್ಟಿನ ಕೋಣೆಗಳು. 1964ರ ‘ಚಾರುಲತಾ’ದಲ್ಲಿಯಾದರೋ ಹತ್ತೊಂಬತ್ತನೆಯ ಶತಮಾನದ ಸಿರಿವಂತರ ಮನೆ: ಬಳ್ಳಿಹೂಗಳ ಗೋಡೆಕಾಗದ, ಪಿಯಾನೋ, ಪಟ್ಟಿಗಳ ಕಿಟಕಿಗಳು. ಒಡತಿಯು ದುರ್ಬೀನು ಹಿಡಿದು ಕಿಟಕಿಯಿಂದ ಕಿಟಕಿಗೆ ಹೋಗಿ ಬೀದಿಯನ್ನು ನೋಡುತ್ತಾಳೆ. ಎಲ್ಲವೂ ಇರುವ ಆ ಮನೆಯಲ್ಲಿ ಅವಳಿಗೆ ಮಾಡಲು ಏನೂ ಇಲ್ಲವೆಂಬುದನ್ನು ಆ ಉದ್ದನೆಯ ಜಗುಲಿಯೇ ಹೇಳುತ್ತದೆ.

1966ರ ‘ನಾಯಕ್’ ಚಿತ್ರಕ್ಕಾಗಿ ಅವರು ಮನೆಗೆ ಬದಲಾಗಿ ರೈಲುಬಂಡಿಯನ್ನೇ ಕಟ್ಟಿದರು. ಕಲ್ಕತ್ತೆಯಿಂದ ದಿಲ್ಲಿಗೆ ಹೋಗುವ ಆ ಬಂಡಿಯ ಡಬ್ಬಿಗಳೂ ಓಣಿಯೂ ಊಟದ ಕೋಣೆಯೂ ಸ್ಟುಡಿಯೋದ ನೆಲದ ಮೇಲಿದ್ದುವು. ಅದರಲ್ಲಿ ಪ್ರಯಾಣ ಮಾಡಿದ ನಟ ಉತ್ತಮ್ ಕುಮಾರರ ಹೆಸರು ಇಂದು ಟಾಲಿಗಂಜಿನ ಮೆಟ್ರೋ ನಿಲ್ದಾಣದ ಫಲಕದ ಮೇಲೆ ದೊಡ್ಡಕ್ಷರಗಳಲ್ಲಿದೆ. ಇದು ಯೋಗ್ಯವೇ ಸರಿ. ಜನರ ಪ್ರೀತಿಯನ್ನು ಅಷ್ಟರಮಟ್ಟಿಗೆ ಗಳಿಸಿದ ನಟರು ವಿರಳ. ಆ ಫಲಕದ ಕೆಳಗೆ ರೈಲಿಗಾಗಿ ಕಾಯುತ್ತಿದ್ದ ಯುವಕನೊಬ್ಬನನ್ನು ಬನ್ಸಿ ಚಂದ್ರಗುಪ್ತರ ವಿಷಯ ಕೇಳಿದೆನು. ಅವನು ಸೌಜನ್ಯದಿಂದ ಯೋಚಿಸಿ, ಚರಿತ್ರೆಯ ಮೌರ್ಯ ಚಕ್ರವರ್ತಿಯನ್ನು ಕೇಳುತ್ತಿರುವಿರಾ ಎಂದನು. ಇದರಲ್ಲಿ ಅವನ ತಪ್ಪೇನೂ ಇಲ್ಲ. ನೋಡುವವನು ಗೋಡೆಯನ್ನು ಗಮನಿಸಿದರೆ ಈ ಕಲೆಯು ಸೋತಂತೆ; ಗೆದ್ದರೆ ಹೆಸರು ಉಳಿಯುವುದಿಲ್ಲ.

ಸುಮಾರು 1970ರ ವೇಳೆಗೆ ಚಂದ್ರಗುಪ್ತರು ಮುಂಬಯಿಗೆ ಹೋದರು. ಅಲ್ಲಿ ಹೊಸ ಬಗೆಯ ಚಿತ್ರಗಳನ್ನು ತೆಗೆಯುತ್ತಿದ್ದ ಯುವಕರಿಗೂ ನೆರವಾದರು; ದೊಡ್ಡ ಬಂಡವಾಳದ ಚಿತ್ರಗಳಲ್ಲಿಯೂ ದುಡಿದರು. ಕುಮಾರ್ ಶಹಾನಿಯವರ ‘ಮಾಯಾ ದರ್ಪಣ್’, ಅವತಾರ ಕೃಷ್ಣ ಕೌಲರ ‘27 ಡೌನ್’ ಇವೆರಡೂ ಆ ಕಾಲದವು. 1977ರಲ್ಲಿ ರಾಯರ ‘ಶತರಂಜ್ ಕೇ ಖಿಲಾಡಿ’ಗಾಗಿ 1856ರ ಲಖನೌವನ್ನು ಮತ್ತೆ ನಿಲ್ಲಿಸಿದರು, ಬ್ರಿಟಿಷರು ರಾಜ್ಯವನ್ನು ಕಸಿಯುತ್ತಿರುವಾಗ ನವಾಬಿ ಶ್ರೀಮಂತರಿಬ್ಬರು ಚದುರಂಗ ಆಡುತ್ತ ಕುಳಿತಿರುವ ಕೋಣೆಗಳು ಅವರವೇ. ಮೂರು ಸಲ ಫಿಲ್ಮ್‌ಫೇರ್ ಪ್ರಶಸ್ತಿಯು ಅವರಿಗೆ ಬಂದಿತು. ಅಪರ್ಣಾ ಸೇನರು 1981ರಲ್ಲಿ ‘36 ಚೌರಂಗೀ ಲೇನ್’ ಚಿತ್ರವನ್ನು ತೆಗೆದಾಗ, ಕಲ್ಕತ್ತೆಯಲ್ಲಿ ಒಂಟಿಯಾಗಿ ಬಾಳುವ ಮುದಿ ಆಂಗ್ಲೋ-ಇಂಡಿಯನ್ ಉಪಾಧ್ಯಾಯಿನಿಯ ಮನೆಯನ್ನು ಸಿಂಗರಿಸಿದವರೂ ಇವರೇ. ಬೆಕ್ಕು, ಹಳೆಯ ಗ್ರಾಮಫೋನು, ಕಾಲ ನಿಂತುಬಿಟ್ಟಂತಿರುವ ಕೋಣೆ. ಅದೇ ವರ್ಷ ಜೂನ್ ತಿಂಗಳಿನಲ್ಲಿ ಅಮೆರಿಕದ ನ್ಯೂಯಾರ್ಕ್ ರಾಜ್ಯದಲ್ಲಿದ್ದಾಗ ಅವರು ತೀರಿಕೊಂಡರು. ಹುಟ್ಟಿದ ಊರು ದೇಶವಿಭಾಗದಲ್ಲಿ ಪರದೇಶವಾಯಿತು, ಬಾಳಿದ ಊರುಗಳು ಹಲವು, ಸತ್ತುದು ಸಮುದ್ರದಾಚೆ. ಇತರರ ಬಾಳಿಗೆ ಇಷ್ಟೊಂದು ಮನೆಗಳನ್ನು ಕಟ್ಟಿದವರ ಜೀವನಯಾತ್ರೆ ಇಂತಹುದು.

ವಾಚಕರಲ್ಲಿ ಅನೇಕರಿಗೆ ಈ ಚಿತ್ರಗಳನ್ನು ನೋಡುವ ಅವಕಾಶವು ಇಂದು ಮನೆಯಲ್ಲಿಯೇ ಒದಗಿದೆ. ನೋಡುವಾಗ ಒಂದೆರಡು ಕ್ಷಣ ಮುಖಗಳನ್ನು ಬಿಟ್ಟು ಅವುಗಳ ಹಿಂದಿನ ಗೋಡೆಯನ್ನು ನೋಡಬೇಕೆಂದು ಪ್ರಾರ್ಥನೆ. ಅಲ್ಲಿ ಮಕ್ಕಳು ಗೀಚಿದ ಗೆರೆ, ದೀಪದ ಮಸಿ, ತಲೆಯೊರಗಿಸಿದ ಕಡೆಯ ಎಣ್ಣೆಯ ಗುರುತು ಇವೆಲ್ಲ ಕಾಣಬರುತ್ತವೆ. ಇಂತಹ ಗುರುತುಗಳು ನಮ್ಮ ಹಳೆಯ ಮನೆಗಳಲ್ಲಿಯೂ ಇದ್ದುವು. ಮಗುವಿನ ಎತ್ತರವನ್ನು ವರ್ಷವರ್ಷವೂ ಗೀರಿಟ್ಟ ಬಾಗಿಲುವಾಡ, ರುಬ್ಬುಗುಂಡಿನ ಸುತ್ತ ಸವೆದ ನೆಲ, ತೊಟ್ಟಿಯ ಕಂಬಕ್ಕೆ ತೊಟ್ಟಿಲು ಕಟ್ಟಿದ ಕಬ್ಬಿಣದ ಕೊಂಡಿ. ಊರೂರುಗಳಲ್ಲಿ ಅಂತಹ ಮನೆಗಳನ್ನು ಕೆಡಹುತ್ತಿದ್ದಾರೆ. ಅನೇಕ ಕಡೆ ಅವು ಬಾಳಲು ಅನುಕೂಲವಾಗಿಲ್ಲವೆಂಬುದೂ ನಿಜ. ಆದರೆ ಕೆಡಹುವ ಮುನ್ನ ಒಂದು ಸಲ ಸುತ್ತಿ ನೋಡಿ, ಯಾವ ಕೋಣೆಗೆ ಯಾವ ಹೊತ್ತಿನಲ್ಲಿ ಬೆಳಕು ಬರುತ್ತಿತ್ತು, ಅಜ್ಜಿ ಎಲ್ಲಿ ಕೂರುತ್ತಿದ್ದರು ಎಂಬುದನ್ನು ಒಂದು ಹಾಳೆಯಲ್ಲಿ ಬರೆದಿಡುವವರಾದರೂ ಎಷ್ಟು ಮಂದಿ? ಪರನಾಡಿನಿಂದ ಬಂದ ಒಬ್ಬ ಕಾಶ್ಮೀರಿ ಯುವಕನು ಬಂಗಾಳದ ಮನೆಗಳಿಗಾಗಿ ಈ ಕೆಲಸವನ್ನು ಮೂವತ್ತು ವರ್ಷ ಮಾಡಿದನು. ನಮ್ಮ ಮನೆಗಳಿಗೆ ಅದನ್ನು ಮಾಡಿಕೊಡಲು ಯಾರೂ ಹೊರಗಿನಿಂದ ಬರುವಂತೆ ಕಾಣುವುದಿಲ್ಲ.